ಮಾವನ ಮಾರುತಿ 800: ಸ್ಟೀರಿಂಗ್‌ನ ಆಟ ಬರುತ್ತಿದ್ದದ್ದು ಎಲ್ಲಿಂದ?

ಗಾಡಿ 2005ರ ಮಾರುತಿ 800. ಓಡಿರುವುದು ಒಂದೂವರೆ ಲಕ್ಷ ಕಿಲೋಮೀಟರ್‌ಗೆ ಹತ್ತಿರ. ಮಾಲೀಕರು ನನ್ನ ಸೋದರಮಾವ, ತೀರ್ಥಹಳ್ಳಿ ಹತ್ತಿರದವರು. ಮಗಳು ಮಣಿಪಾಲದಲ್ಲಿರುವುದರಿಂದ ಆಗುಂಬೆ ಘಾಟಿ ಇಳಿಯುವುದು, ಹತ್ತುವುದು ಈ ಗಾಡಿಗೆ ಮಾಮೂಲು. ಪವರ್ ಸ್ಟೀರಿಂಗ್ ಇಲ್ಲ. ಅದು ಇಲ್ಲದಿರುವುದೇ ಇಂಥ ತಪಾಸಣೆಗೆ ಅನುಕೂಲ. ಗಾಲಿಯಲ್ಲಿ ಆಗುವುದೆಲ್ಲ ನೇರವಾಗಿ ಕೈಗೇ ಗೊತ್ತಾಗುತ್ತದೆ.

ಮಾವನ ದೂರುಗಳು ಹೀಗಿದ್ದವು. ಹೆಬ್ರಿ ದಾಟಿ ರಸ್ತೆ ನೇರವಾದ ಮೇಲೆ, 60-70ರ ವೇಗದಲ್ಲಿ ಗಾಡಿ ಅತ್ತ ಇತ್ತ ಸರಿಯುತ್ತದೆ. ಸ್ಟೀರಿಂಗನ್ನು ಸುಮ್ನೆ ಹಿಡಿದುಕೊಂಡಿದ್ದರೆ ಸಾಲದು, ತಿದ್ದುತ್ತಲೇ ಇರಬೇಕು. ಸಣ್ಣ ಗುಂಡಿಗೆ ಇಳಿದರೆ ಎಡಗಡೆ ಮುಂದೆ ‘ಟಕ್ ಟಕ್’ ಶಬ್ದ. ಜೋರಾಗಿ ಬ್ರೇಕ್ ಒತ್ತಿದರೆ ಎಡಕ್ಕೆ ಎಳೆತ. ಇತ್ತೀಚೆಗೆ ಇನ್ನೊಂದು ಸೇರಿಕೊಂಡಿತ್ತು. ತಿರುವು ಮುಗಿದ ಮೇಲೆ ಸ್ಟೀರಿಂಗ್ ತಾನಾಗಿ ನೇರಕ್ಕೆ ಬರುತ್ತಿರಲಿಲ್ಲ, ಕೈಯಿಂದ ಎಳೆದು ತರಬೇಕಿತ್ತು.

“ಘಾಟೀಲಿ ಏನೂ ತೊಂದ್ರೆ ಇಲ್ಲ ಮಾರಾಯ, ನೇರ ರಸ್ತೇಲೇ ಹೆದ್ರಿಕೆ” ಅಂದರು ಮಾವ. ಗ್ಯಾರೇಜಿನಲ್ಲಿ ಈ ಮಾತಿಗೆ ಯಾರೂ ಕಿವಿಗೊಟ್ಟಿರಲಿಲ್ಲ. ಆದರೆ ರೋಗದ ಅರ್ಧ ಇದರಲ್ಲೇ ಇದೆ. ತಿರುವಿನಲ್ಲಿ ಟೈರಿನ ಬಲ ಒಂದೇ ಕಡೆಗೆ ಬೀಳುತ್ತದೆ. ಸವೆದ ಕೀಲಿನೊಳಗಿನ ಸಡಿಲು (‘ಆಟ’ ಅನ್ನುವುದು ಇದಕ್ಕೇ) ಒಂದು ಬದಿಗೆ ಒತ್ತಿಕೊಂಡು ನಿಲ್ಲುತ್ತದೆ, ಗಾಡಿ ಹೇಳಿದ ಮಾತು ಕೇಳುತ್ತದೆ. ನೇರ ರಸ್ತೆಯಲ್ಲಿ ಹಾಗೆ ಒತ್ತುವ ಬಲ ಇಲ್ಲ. ಆ ಸಡಿಲಿನಷ್ಟು ಜಾಗದಲ್ಲಿ ಗಾಲಿ ತನಗೆ ಬೇಕಾದ ಕಡೆ ತಿರುಗುತ್ತಿರುತ್ತದೆ. ಹಾಗಾಗಿ ಘಾಟಿಯ ಹಿಮ್ಮುರಿ ತಿರುವುಗಳಲ್ಲಿ ಕಾಣದ ದೋಷ ಕೆಳಗಿಳಿದ ಮೇಲೆ ಕಾಣುತ್ತದೆ.

ನನ್ನ ಕೈಗೆ ಬರುವ ಮುಂಚೆ ಗಾಡಿ ಬೇರೆ ಬೇರೆ ಕಡೆ ತಿರುಗಿ ಬಂದಿತ್ತು. ಒಂದು ಕಡೆ ಶಬ್ದ ಕೇಳಿ “ಶಾಕಪ್ ಹೋಗಿದೆ” ಅಂದರು, ಮುಂದಿನ ಎರಡೂ ಶಾಕ್ ಅಬ್ಸಾರ್ಬರ್ ಹೊಸದಾಯಿತು. ಶಬ್ದ ಹೋಗಲಿಲ್ಲ. ಆಮೇಲೆ ಹಲವು ಸಲ ವೀಲ್ ಅಲೈನ್‌ಮೆಂಟ್. ಪ್ರತಿ ಸಲವೂ ವಾರ ಹತ್ತು ದಿನ ಪರವಾಗಿಲ್ಲ ಅನ್ನಿಸಿ, ಮತ್ತೆ ಅದೇ ಕತೆ. ಕೊನೆಗೆ ಒಬ್ಬರು ರ‍್ಯಾಕ್ (ಸ್ಟೀರಿಂಗ್ ತಿರುಗಿಸಿದಾಗ ಎಡಕ್ಕೆ ಬಲಕ್ಕೆ ಸರಿದು ಗಾಲಿ ತಿರುಗಿಸುವ ಹಲ್ಲಿನ ಸರಳು) ಟೈಟ್ ಮಾಡಿಕೊಟ್ಟರು. ಸ್ಟೀರಿಂಗ್ ವಾಪಸ್ ಬರದಿರುವ ಕಾಯಿಲೆ ಶುರುವಾದದ್ದು ಅಲ್ಲಿಂದ.

15 ವರ್ಷ ತುಂಬಿದ ಖಾಸಗಿ ಕಾರಿಗೆ ಐದೈದು ವರ್ಷಕ್ಕೊಮ್ಮೆ ಆರ್‌ಸಿ ನವೀಕರಣ ಆಗಬೇಕು. ಈ ಗಾಡಿಗೆ 2025ರಲ್ಲಿ ಎರಡನೇ ಸರದಿ. ಗಾಡಿ ಇಟ್ಟುಕೊಳ್ಳುವುದೋ ಬಿಡುವುದೋ ಎಂಬ ಪ್ರಶ್ನೆ ಮನೆಯಲ್ಲಿ ಎದ್ದಿತ್ತು. ಮಾವ ಕೇಳಿದ್ದು ಇಷ್ಟೇ: ಇದು ರಿಪೇರಿ ಆಗುವ ರೋಗವಾ, ಇಲ್ಲ ವಯಸ್ಸಾ?

ನೋಡಲು ಶುರು ಮಾಡಿದ್ದು ಟೈರಿನಿಂದ. ಮೊದಲು ಗಾಳಿ ಸರಿ ಮಾಡಿಕೊಂಡೆವು. ಗಾಳಿ ಹೆಚ್ಚುಕಮ್ಮಿ ಇರುವಾಗ ಮಾಡಿದ ಯಾವ ಪರೀಕ್ಷೆಗೂ ಬೆಲೆ ಇಲ್ಲ. ಆಮೇಲೆ ಮುಂದಿನ ಟೈರುಗಳ ಮೇಲೆ ಅಂಗೈ ಸವರಿದೆವು. ಹೊರಗಿನಿಂದ ಒಳಕ್ಕೆ ಸವರಿದರೆ ನುಣುಪು, ಒಳಗಿನಿಂದ ಹೊರಕ್ಕೆ ಸವರಿದರೆ ಗರಗಸದ ಹಾಗೆ ಅಂಗೈಗೆ ಚುಚ್ಚುವ ಅಂಚು. ಟೈರು ಉರುಳುವುದರ ಜೊತೆಗೆ ಅಡ್ಡಕ್ಕೂ ಉಜ್ಜಿಕೊಂಡು ಹೋಗಿದೆ, ಅಂದರೆ ಟೋ ತಪ್ಪಿದೆ. ಎರಡು ಮುಂಗಾಲಿಗಳು ಮೇಲಿನಿಂದ ನೋಡಿದಾಗ ಒಂದಕ್ಕೊಂದು ಎಷ್ಟು ಒಳಮುಖ, ಎಷ್ಟು ಹೊರಮುಖ ಅನ್ನುವುದೇ ಟೋ. ಈ ಗಾಡಿಯಲ್ಲಿ ಅಲೈನ್‌ಮೆಂಟ್‌ನವರು ತಿರುಗಿಸಿ ಹೊಂದಿಸಬಹುದಾದದ್ದು ಅದೊಂದನ್ನೇ. ಕ್ಯಾಂಬರ್ (ಮುಂದಿನಿಂದ ನೋಡಿದಾಗ ಗಾಲಿಯ ಓರೆ), ಕ್ಯಾಸ್ಟರ್ (ಪಕ್ಕದಿಂದ ನೋಡಿದಾಗ ಗಾಲಿ ಎಡಬಲಕ್ಕೆ ತಿರುಗುವ ಅಕ್ಷದ ಓರೆ) ಮೆಷಿನ್ ಪರದೆಯ ಮೇಲೆ ಕಾಣುತ್ತವೆ, ಆದರೆ ಅವಕ್ಕೆ ಹೊಂದಿಸುವ ಜಾಗ ಕೊಟ್ಟಿಲ್ಲ. ಅವು ತಪ್ಪಿದ್ದರೆ ಯಾವುದೋ ಭಾಗ ಸವೆದಿದೆ ಅಥವಾ ಬಾಗಿದೆ ಎಂದೇ ಅರ್ಥ.

ಮಾವ ಹಳೆಯ ಅಲೈನ್‌ಮೆಂಟ್ ಚೀಟಿಗಳನ್ನು ಡ್ಯಾಶ್‌ಬೋರ್ಡಿನಲ್ಲಿ ಮಡಚಿ ಇಟ್ಟಿದ್ದರು. ಪುಣ್ಯಕ್ಕೆ. ಎಲ್ಲದರಲ್ಲೂ ಎಡ ಗಾಲಿಯ ಕ್ಯಾಸ್ಟರ್ ಬಲಕ್ಕಿಂತ ಕಡಿಮೆ ಇತ್ತು. ಟೋ ಮಾತ್ರ ಪ್ರತಿ ಸಲವೂ ಹಸಿರು ಬಣ್ಣಕ್ಕೆ ಬಂದಿತ್ತು. ಹಸಿರು ಬಂದರೆ ಕೆಲಸ ಮುಗಿಯಿತು ಅಂದುಕೊಳ್ಳುವುದು ನಮ್ಮ ಕಡೆ ಸಾಮಾನ್ಯ. ಕ್ಯಾಸ್ಟರ್ ಕಡಿಮೆ ಇರುವ ಕಡೆಗೆ ಗಾಡಿ ಎಳೆಯುತ್ತದೆ ಎಂಬುದನ್ನು ಇಲ್ಲಿ ನೆನಪಿನಲ್ಲಿಟ್ಟುಕೊಳ್ಳಿ.

ಇನ್ನೊಂದು ಸುಳಿವು ಗಾಡಿಯ ಕೆಳಗೆ ಬಗ್ಗಿ ನೋಡಿದ ಕೂಡಲೇ ಸಿಕ್ಕಿತು. ಸ್ಟೀರಿಂಗ್ ರ‍್ಯಾಕಿನಿಂದ ಗಾಲಿಗೆ ಹೋಗುವ ಟೈ ರಾಡಿನ ಮೇಲೆ ಲಾಕ್ ನಟ್‌ನಿಂದ ಒಳಕ್ಕೆ ಕಾಣುವ ಮರೆ (ದಾರದ ಹಾಗೆ ಸುತ್ತಿದ ಗೀರು) ಎಡಗಡೆ ಉದ್ದಕ್ಕಿತ್ತು, ಬಲಗಡೆ ಇದ್ದೂ ಇಲ್ಲದಂತಿತ್ತು. ಟೋ ಸರಿ ಮಾಡುವಾಗ ಪ್ರತಿ ಸಲವೂ ಒಂದೇ ಕಡೆ ತಿರುಗಿಸಿದ್ದರು. ಹಾಗೆ ಮಾಡಿದರೆ ಸ್ಟೀರಿಂಗ್ ವೀಲ್ ಸೊಟ್ಟಗೆ ನಿಲ್ಲುತ್ತದೆ. ಅದನ್ನು ಮುಚ್ಚಲು ವೀಲನ್ನೇ ಕಿತ್ತು ಬೇರೆ ಹಲ್ಲಿನ ಮೇಲೆ ಕೂರಿಸಿದ್ದರು. ಇದರಿಂದ ಗಾಡಿ ನೇರ ಹೋಗುವಾಗ ರ‍್ಯಾಕ್ ಮಧ್ಯದಲ್ಲಿ ಇರುತ್ತಲೇ ಇರಲಿಲ್ಲ. “ಗೇಟ್ ಹತ್ರ ಬಲಕ್ಕೆ ತಿರುಗಿಸೋದು ಸಲೀಸು, ಎಡಕ್ಕೆ ಒಂದೇ ಏಟಿಗೆ ಬರಲ್ಲ” ಎಂದು ಮಾವ ಮಾತಿನ ನಡುವೆ ಹೇಳಿದ್ದು ಆಗ ಅರ್ಥವಾಯಿತು.

ಈಗ ಆಟದ ಅಳತೆ. ಸ್ಟೀರಿಂಗ್ ವೀಲಿನ ಅಂಚಿಗೆ ಒಂದು ತುಂಡು ಟೇಪ್ ಅಂಟಿಸಿ, ಪಕ್ಕದಲ್ಲಿ ಸ್ಕೇಲ್ ಹಿಡಿದು, ಮುಂಗಾಲಿ ಅಲುಗುವವರೆಗೆ ನಿಧಾನ ತಿರುಗಿಸಿದೆವು. ಇಂಥ ಸಣ್ಣ ಗಾಡಿಗೆ ಅಂಚಿನಲ್ಲಿ ಹೆಚ್ಚೆಂದರೆ 30 ಮಿ.ಮೀ. ಇರಬಹುದು. ಇದರಲ್ಲಿ 50 ಮಿ.ಮೀ. ಹತ್ತಿರ ಬಂತು. ಅದೂ ರ‍್ಯಾಕ್ ಬಿಗಿ ಮಾಡಿದ ಮೇಲೆ! ಅಂದರೆ ಆಟ ರ‍್ಯಾಕಿನ ಹಲ್ಲಿನಲ್ಲಿ ಇರಲೇ ಇಲ್ಲ.

ಎಲ್ಲಿದೆ ಎಂದು ಹುಡುಕಲು ಗಾಲಿ ನೆಲದ ಮೇಲಿದ್ದಾಗಲೇ ನೋಡಬೇಕು. ಒಬ್ಬರು ಸೀಟಿನಲ್ಲಿ ಕೂತು ಸ್ಟೀರಿಂಗನ್ನು ಎಡಕ್ಕೆ ಬಲಕ್ಕೆ ಸ್ವಲ್ಪ ಸ್ವಲ್ಪವೇ ಅಲ್ಲಾಡಿಸುತ್ತಿರಬೇಕು. ಇನ್ನೊಬ್ಬರು ಸ್ಟೀರಿಂಗ್ ಕಂಬದಿಂದ ಗಾಲಿಯವರೆಗೆ ಒಂದೊಂದೇ ಕೀಲಿನ ಮೇಲೆ ಬೆರಳಿಟ್ಟು ಬರಬೇಕು. ಕಣ್ಣಿಗಿಂತ ಬೆರಳಿಗೆ ಬೇಗ ಗೊತ್ತಾಗುತ್ತದೆ. ನಮ್ಮ ಮೆಕ್ಯಾನಿಕ್ ಇದರಲ್ಲಿ ಪಳಗಿದವರು. ಪೆಡಲ್ ಹತ್ತಿರದ ಕ್ರಾಸ್ ಜಾಯಿಂಟ್ ಚೆನ್ನಾಗಿತ್ತು. ಮೇಲಿನ ಶಾಫ್ಟ್ ಎಷ್ಟು ತಿರುಗಿತೋ ಕೆಳಗಿನದೂ ಅಷ್ಟೇ. ರ‍್ಯಾಕ್ ಬಾಡಿಗೆ ಹಿಡಿದಿರುವ ಬ್ರಾಕೆಟ್ ಗಟ್ಟಿಯಾಗಿತ್ತು. ಬಲ ತುದಿ, ಅಂದರೆ ಪಿನಿಯನ್ (ಸ್ಟೀರಿಂಗ್ ಕಂಬದ ತುದಿಯ ಹಲ್ಲುಚಕ್ರ) ಕಡೆ, ತಕರಾರಿಲ್ಲ. ಎಡ ತುದಿಯಲ್ಲಿ ರ‍್ಯಾಕ್ ಕೊಳವೆಯೊಳಗೆ ಸ್ವಲ್ಪ ಮೇಲೆ ಕೆಳಗೆ ಕುಣಿಯುತ್ತಿತ್ತು. ಅಲ್ಲಿ ರ‍್ಯಾಕನ್ನು ಹೊತ್ತು ನಿಲ್ಲುವುದು ಒಂದು ಬುಷ್ (ಬಳೆಯಂಥ ತುಂಡು), ಅದು ಸವೆದಿತ್ತು. ರಬ್ಬರ್ ಬೂಟನ್ನು ಹಿಸುಕಿ ಒಳಗಿನ ರ‍್ಯಾಕ್ ಎಂಡ್ ಹಿಡಿದು ನೋಡಿದರೆ ಎರಡೂ ಕಡೆ ಬಿಗಿ. ಹೊರಗಿನ ಟೈ ರಾಡ್ ಎಂಡ್‌ಗೆ ಬಂದಾಗ ಎಡಗಡೆಯದು ಬೆರಳಿಗೆ ‘ಟಕ್’ ಎಂದು ಹೊಡೆಯಿತು. ರಾಡ್ ಸರಿದ ಮೇಲೆ ಒಂದು ಕ್ಷಣ ಬಿಟ್ಟು ಗಾಲಿ ಸರಿಯುತ್ತಿತ್ತು. ಬಲಗಡೆಯದರಲ್ಲೂ ಕೊಂಚ ಇತ್ತು.

ಟೈ ರಾಡ್ ಎಂಡ್ ಒಳಗೆ ಇರುವುದು ಒಂದು ಬಟ್ಟಲು, ಅದರಲ್ಲಿ ತಿರುಗುವ ಒಂದು ಗುಂಡು, ನಮ್ಮ ಭುಜದ ಕೀಲಿನ ಹಾಗೆ. ನಡುವೆ ಗ್ರೀಸ್, ಮೇಲೆ ರಬ್ಬರಿನ ಮುಸುಕು. ಎಡಗಡೆಯ ಮುಸುಕು ಹರಿದು ಜೋತಾಡುತ್ತಿತ್ತು. ವರ್ಷಕ್ಕೆ ಸರಾಸರಿ 7,000 ಮಿ.ಮೀ. ದಾಟುವ ಆಗುಂಬೆ ಮಳೆಯಲ್ಲಿ ಓಡಾಡುವ ಗಾಡಿಗೆ ಮುಸುಕು ಹರಿದರೆ ಮುಗಿಯಿತು. ನೀರು ಗ್ರೀಸನ್ನು ತೊಳೆದುಹಾಕುತ್ತದೆ, ಅದರ ಹಿಂದೆಯೇ ಕೆಸರಿನ ಮರಳು ಒಳಗೆ ಹೋಗುತ್ತದೆ, ಆಮೇಲೆ ಗುಂಡು ತಿರುಗಿದಷ್ಟೂ ಅರೆದುಕೊಳ್ಳುತ್ತದೆ. ಇದರಲ್ಲಿ ಗ್ರೀಸ್ ತುಂಬುವ ನಿಪ್ಪಲ್ ಕೂಡ ಇರುವುದಿಲ್ಲ. ಮುಸುಕು ಇರುವವರೆಗೆ ಮಾತ್ರ ಕೀಲಿನ ಆಯುಸ್ಸು.

ನಂತರ ಗಾಡಿಯನ್ನು ಜಾಕಿ ಏರಿಸಿ ಸ್ಟ್ಯಾಂಡಿನ ಮೇಲೆ ಕೂರಿಸಿದೆವು. ಜಾಕಿಯೊಂದನ್ನೇ ನಂಬಿ ಕೆಳಗೆ ತಲೆ ಹಾಕುವವರನ್ನು ಇಂದಿಗೂ ನೋಡುತ್ತೇನೆ, ಎದೆ ಝಲ್ಲೆನ್ನುತ್ತದೆ. ಗಾಲಿಯನ್ನು ಗಡಿಯಾರದ ಮೂರು ಮತ್ತು ಒಂಬತ್ತರ ಜಾಗದಲ್ಲಿ ಹಿಡಿದು ಅಲ್ಲಾಡಿಸಿದರೆ ಟೈ ರಾಡ್ ಕಡೆಯ ಆಟ ತಿಳಿಯುತ್ತದೆ. ಹನ್ನೆರಡು ಮತ್ತು ಆರರ ಜಾಗದಲ್ಲಿ ಹಿಡಿದರೆ ಕೆಳಗಿನ ಬಾಲ್ ಜಾಯಿಂಟ್ ಅಥವಾ ವೀಲ್ ಬೇರಿಂಗ್‌ನದು. ಇವೆರಡರಲ್ಲಿ ಯಾವುದು ಎಂದು ಗೊಂದಲವಾದರೆ ಒಬ್ಬರು ಬ್ರೇಕ್ ಒತ್ತಿ ಹಿಡಿಯಲಿ. ಆಗ ಆಟ ಮಾಯವಾದರೆ ಬೇರಿಂಗ್. ನಮ್ಮ ಗಾಡಿಯಲ್ಲಿ ಮೂರು-ಒಂಬತ್ತರಲ್ಲಿ ಎಡ ಗಾಲಿ ಕುಣಿಯಿತು, ಹನ್ನೆರಡು-ಆರರಲ್ಲಿ ಎರಡೂ ಗಾಲಿ ಗಟ್ಟಿ. ಬಾಲ್ ಜಾಯಿಂಟ್, ಬೇರಿಂಗ್ ಎರಡೂ ಪಟ್ಟಿಯಿಂದ ಹೊರಗೆ.

ಇಷ್ಟಾದರೂ ಬ್ರೇಕ್ ಒತ್ತಿದಾಗ ಎಡಕ್ಕೆ ಎಳೆಯುವುದಕ್ಕೆ ಉತ್ತರ ಸಿಕ್ಕಿರಲಿಲ್ಲ. ಮೊದಲು ಬ್ರೇಕನ್ನೇ ಅನುಮಾನಿಸಬೇಕು. ಎರಡೂ ಕಡೆಯ ಪ್ಯಾಡ್ ಒಂದೇ ಸಮ ಸವೆದಿದ್ದವು, ಕ್ಯಾಲಿಪರ್ ಪಿನ್ ಸಲೀಸಾಗಿ ಸರಿಯುತ್ತಿದ್ದವು, ಡಿಸ್ಕ್ ಮೇಲೆ ಎಣ್ಣೆಯ ಪಸೆ ಇರಲಿಲ್ಲ. ಹಾಗಾದರೆ ಗಾಲಿಯೇ ಜಾಗ ಬಿಟ್ಟು ಹಿಂದೆ ಸರಿಯುತ್ತಿದೆಯಾ? ಮಾವನನ್ನು ಕೂರಿಸಿ, ಅಂಗಳದಲ್ಲಿ ಗಾಡಿಯನ್ನು ನಡಿಗೆಯ ವೇಗದಲ್ಲಿ ಹಿಂದೆ ಮುಂದೆ ಓಡಿಸಿ ತಟ್ಟನೆ ಬ್ರೇಕ್ ಹಾಕಿಸಿದೆವು. ಎಡ ಗಾಲಿ ಮಡ್‌ಗಾರ್ಡಿನ ಕಮಾನಿನೊಳಗೆ ಹಿಂದಕ್ಕೆ ಜರುಗುವುದು ಬರಿಗಣ್ಣಿಗೆ ಕಂಡಿತು. ಬಲದ್ದು ಜರುಗಲಿಲ್ಲ.

ಇಲ್ಲಿ ಮಾರುತಿ 800ರ ಮುಂಭಾಗದ ರಚನೆ ಗೊತ್ತಿರಬೇಕು. ಕೆಳಗೆ ಗಾಲಿಯನ್ನು ಹಿಡಿದಿರುವುದು ಒಂದೇ ಅಡ್ಡ ತೋಳು, ಲೋವರ್ ಆರ್ಮ್. ಅದೊಂದೇ ಇದ್ದರೆ ಗಾಲಿ ಹಿಂದೆ ಮುಂದೆ ತೂಗಾಡುತ್ತದೆ. ಅದನ್ನು ತಡೆಯುವುದು ಮುಂದಿನಿಂದ ಬಂದು ಆ ತೋಳಿಗೆ ಸೇರುವ ಸ್ಟೆಬಿಲೈಸರ್ ಬಾರ್. ದೊಡ್ಡ ಗಾಡಿಗಳಲ್ಲಿ ಈ ಬಾರ್‌ಗೆ ತಿರುವಿನಲ್ಲಿ ಗಾಡಿ ವಾಲದಂತೆ ನೋಡಿಕೊಳ್ಳುವ ಕೆಲಸವಷ್ಟೇ. ಇಲ್ಲಿ ಅದು ಎರಡು ಕೆಲಸ ಮಾಡುತ್ತದೆ. ಬಾರ್ ತೋಳಿಗೆ ಸೇರುವ ಜಾಗದಲ್ಲಿ ಎರಡು ರಬ್ಬರ್ ಬುಷ್ ಇರುತ್ತವೆ. ಎಡಗಡೆಯವು ಒಣಗಿ, ಚಪ್ಪಟೆಯಾಗಿ, ಅರ್ಧ ಉದುರಿಹೋಗಿದ್ದವು. ಬ್ರೇಕ್ ಒತ್ತಿದಾಗ ರಸ್ತೆ ಗಾಲಿಯನ್ನು ಹಿಂದಕ್ಕೆ ತಳ್ಳುತ್ತದೆ, ತಡೆಯಲು ರಬ್ಬರ್ ಇಲ್ಲ, ಗಾಲಿಯ ಬುಡ ಹಿಂದೆ ಸರಿಯುತ್ತದೆ, ಕ್ಯಾಸ್ಟರ್ ಇನ್ನೂ ಕಡಿಮೆಯಾಗುತ್ತದೆ, ಗಾಡಿ ಎಡಕ್ಕೆ ಹೋಗುತ್ತದೆ. ಚೀಟಿಗಳಲ್ಲಿದ್ದ ಕ್ಯಾಸ್ಟರ್ ವ್ಯತ್ಯಾಸಕ್ಕೂ ಕಾರಣ ಇದೇ. ಗುಂಡಿಯಲ್ಲಿ ಬರುತ್ತಿದ್ದ ಶಬ್ದದಲ್ಲಿ ಟೈ ರಾಡ್ ಎಂಡ್‌ನದು ಎಷ್ಟು ಪಾಲೋ ಈ ಬುಷ್‌ನದೂ ಅಷ್ಟೇ ಪಾಲು. ಶಾಕ್ ಅಬ್ಸಾರ್ಬರ್ ಬದಲಿಸಿದ ದುಡ್ಡು ದಂಡ.

ರ‍್ಯಾಕ್ ಟೈಟ್ ಮಾಡುವುದರ ಬಗ್ಗೆ ಸ್ವಲ್ಪ ಜಾಸ್ತಿಯೇ ಹೇಳಬೇಕು. ನನ್ನ ಪ್ರಕಾರ ಹಳೆಯ ಗಾಡಿಗಳಿಗೆ ನಮ್ಮ ಕಡೆ ಆಗುವ ದೊಡ್ಡ ಅನ್ಯಾಯ ಇದು. ಪಿನಿಯನ್ ಎದುರಿಗೆ ಒಂದು ಸ್ಪ್ರಿಂಗ್, ಒಂದು ಒತ್ತುಗುಂಡಿ, ಅದರ ಹಿಂದೆ ಒಂದು ಸ್ಕ್ರೂ ಇರುತ್ತದೆ. ರ‍್ಯಾಕನ್ನು ಪಿನಿಯನ್ ಹಲ್ಲಿಗೆ ಒತ್ತಿ ಹಿಡಿಯುವುದು ಇದರ ಕೆಲಸ. ಸ್ಕ್ರೂ ತಿರುಗಿಸಿದರೆ ಸ್ಟೀರಿಂಗ್ ಬಿಗಿ ಅನ್ನಿಸುತ್ತದೆ, ಗಿರಾಕಿಗೆ ಖುಷಿ. ಆದರೆ ನೇರ ಓಡಾಟ ಜಾಸ್ತಿ ಇರುವುದರಿಂದ ರ‍್ಯಾಕಿನ ಹಲ್ಲು ಸವೆಯುವುದು ನಡುಭಾಗದಲ್ಲಿ. ಅಲ್ಲಿನ ಸಡಿಲಿಗೆ ಸರಿಯಾಗಿ ಬಿಗಿದರೆ, ಸವೆಯದ ಎರಡು ಬದಿಯಲ್ಲಿ ಹಲ್ಲು ಕಚ್ಚಿಕೊಳ್ಳುತ್ತದೆ. ತಿರುಗಿದ ಸ್ಟೀರಿಂಗ್ ವಾಪಸ್ ಬರುವುದಿಲ್ಲ. ಘಾಟಿಯ ತಿರುವಿನಲ್ಲಿ ಇದು ನಿಜಕ್ಕೂ ಅಪಾಯ. ಎರಡೂ ಟೈ ರಾಡ್ ಎಂಡ್ ಬಿಚ್ಚಿ, ಗಾಲಿಯ ಸಂಬಂಧ ತಪ್ಪಿಸಿ, ಸ್ಟೀರಿಂಗನ್ನಷ್ಟೇ ಈ ತುದಿಯಿಂದ ಆ ತುದಿಗೆ ತಿರುಗಿಸಿದಾಗ ಅನುಮಾನ ಉಳಿಯಲಿಲ್ಲ. ನಡುವೆ ಪರವಾಗಿಲ್ಲ, ಬದಿಗೆ ಹೋದಂತೆ ಗಟ್ಟಿ. ಲಾಕ್ ನಟ್ ಮೇಲೆ ಸ್ಪ್ಯಾನರ್ ಜಾರಿದ ಹೊಸ ಗೀರುಗಳೂ ಇದ್ದವು.

ಮೂರು ದಾರಿ ಇದ್ದವು. ರ‍್ಯಾಕನ್ನೇ ಹೊಸದು ಹಾಕುವುದು, ರ‍್ಯಾಕ್ ಇಳಿಸಿ ಎಡಗಡೆಯ ಬುಷ್ ಮಾತ್ರ ಬದಲಿಸುವುದು, ಅಥವಾ ರ‍್ಯಾಕಿಗೆ ಕೈ ಹಾಕದೆ ಉಳಿದದ್ದನ್ನೆಲ್ಲ ಸರಿ ಮಾಡಿ ನೋಡುವುದು. ಮೆಕ್ಯಾನಿಕ್ ಎರಡನೆಯದನ್ನು ಹೇಳಿದರು, ನಾನು ಮೂರನೆಯದನ್ನು ಹಿಡಿದೆ. ಬುಷ್‌ನ ಸವೆತ ಕಡಿಮೆ ಇತ್ತು, ಹಲ್ಲು ಕೆಟ್ಟಿರಲಿಲ್ಲ. ಒಂದೇ ಸಲ ಎಲ್ಲ ಬದಲಿಸಿದರೆ ಯಾವುದರಿಂದ ಏನು ಸರಿಯಾಯಿತು ಎಂದೂ ತಿಳಿಯುವುದಿಲ್ಲ. ಮಾವ “ಖರ್ಚು ಕಮ್ಮಿ ಇರೋದು ಯಾವುದೋ ಅದು” ಎಂದು ನನ್ನ ಕಡೆ ಬಂದರು.

ಮಾರುತಿ 800ರ ತಯಾರಿಕೆ 2014ರ ಜನವರಿಯಲ್ಲೇ ನಿಂತಿದೆ, ಆದರೆ ಈ ಭಾಗಗಳಿಗೆ ಬರವಿಲ್ಲ. ಶಿವಮೊಗ್ಗದಲ್ಲೇ ಸಿಕ್ಕವು. ಬಿಡಿಭಾಗದ ಅಂಗಡಿಗಳಿರುವ ಬೆಂಗಳೂರಿನ ಜೆ.ಸಿ. ರೋಡ್‌ವರೆಗೆ ಹೋಗುವ ಅಗತ್ಯ ಬೀಳಲಿಲ್ಲ. ತೊಂದರೆ ಇರುವುದು ಲೋಕಲ್ ಮಾಲಿನದು. ಅಂಗಡಿಯಲ್ಲೇ ಟೈ ರಾಡ್ ಎಂಡ್‌ನ ಕಡ್ಡಿಯನ್ನು ಬೆರಳಿನಿಂದ ಅಲ್ಲಾಡಿಸಿ ನೋಡಿ. ಹೊಸದು ಒಂದೇ ಸಮ ಬಿಗಿಯಾಗಿ ತಿರುಗಬೇಕು. ತಾನಾಗಿ ಜೋತು ಬಿದ್ದರೆ ವಾಪಸ್ ಕೊಡಿ. ಅದರ ಕಡ್ಡಿ ಬುಡದಲ್ಲಿ ದಪ್ಪ, ತುದಿಗೆ ಸಪೂರ. ಗಾಲಿಯ ಕಡೆಯ ತೂತಿನಲ್ಲಿ ಕೈಯಿಂದ ಒತ್ತಿದರೇ ಕಚ್ಚಿಕೊಂಡು ಕೂರಬೇಕು. ಅಲ್ಲಿ ಲಟಪಟ ಅಂದರೆ ನಟ್ ಎಷ್ಟು ಬಿಗಿದರೂ ಪ್ರಯೋಜನವಿಲ್ಲ. ಎರಡು ಟೈ ರಾಡ್ ಎಂಡ್, ಸ್ಟೆಬಿಲೈಸರ್‌ನ ಎರಡೂ ತುದಿಯ ಬುಷ್, ಬಾಡಿಗೆ ಹಿಡಿಯುವ ಬುಷ್, ಹೊಸ ಸ್ಪ್ಲಿಟ್ ಪಿನ್‌ಗಳು (ನಟ್ ಬಿಚ್ಚಿಕೊಳ್ಳದಂತೆ ತೂರಿಸಿ ಮಡಚುವ ಪಿನ್). ಇಷ್ಟೇ ತಂದದ್ದು. ಬಲಗಡೆ ಸವೆತ ಕಡಿಮೆ ಇದ್ದರೂ ಜೋಡಿಯಾಗಿಯೇ ಬದಲಿಸಿದೆವು.

ಬಿಚ್ಚುವಾಗ ಹಳೆ ಸ್ಪ್ಲಿಟ್ ಪಿನ್ ತುಕ್ಕು ಹಿಡಿದು ಮುರಿಯುವುದು ಖಾತ್ರಿ. ಹಿಂದಿನ ರಾತ್ರಿಯೇ ತುಕ್ಕಿನ ಎಣ್ಣೆ ಹೊಡೆದಿಟ್ಟರೆ ಅರ್ಧ ಜಗಳ ಮುಗಿಯುತ್ತದೆ. ನಟ್ ತೆಗೆದ ಮೇಲೂ ಕಡ್ಡಿ ತೂತಿನಲ್ಲಿ ಕಚ್ಚಿಕೊಂಡೇ ಇರುತ್ತದೆ. ಪುಲ್ಲರ್ ಇದ್ದರೆ ಒಳ್ಳೆಯದು. ಇಲ್ಲದಿದ್ದರೆ ಕಡ್ಡಿಯ ತಲೆಗೆ ಹೊಡೆಯಬೇಡಿ, ಮರೆ ಹಾಳಾಗುತ್ತದೆ. ಕಡ್ಡಿ ಕೂತಿರುವ ಕಣ್ಣಿನ ಪಕ್ಕಕ್ಕೆ ಸುತ್ತಿಗೆಯಿಂದ ಗಟ್ಟಿಯಾಗಿ ಹೊಡೆದರೆ ಅದು ಅದುರಿ ಕಳಚಿಕೊಳ್ಳುತ್ತದೆ. ಹಳೆಯದನ್ನು ರಾಡಿನಿಂದ ತಿರುಗಿಸಿ ತೆಗೆಯುವ ಮೊದಲು ಲಾಕ್ ನಟ್‌ನಿಂದ ಗುಂಡಿನ ನಡುಮಧ್ಯಕ್ಕೆ ಇರುವ ದೂರ ಅಳೆದು ಬರೆದಿಟ್ಟುಕೊಳ್ಳುವುದು ರೂಢಿ. ಸುತ್ತು ಎಣಿಸುವುದಕ್ಕಿಂತ ಇದು ವಾಸಿ, ಹೊಸದರ ಉದ್ದ ಹಳೆಯದರಷ್ಟೇ ಇರಬೇಕೆಂದಿಲ್ಲವಲ್ಲ. ಈ ಗಾಡಿಯಲ್ಲಿ ಹಳೆಯ ಅಳತೆಯೇ ತಪ್ಪಿದ್ದರಿಂದ ಎರಡೂ ಕಡೆ ಸಮ ಬರುವಂತೆ ಕೂರಿಸಿದೆವು. ನಟ್ ಬಿಗಿದ ಮೇಲೆ ಪಿನ್ನಿನ ತೂತು ಕೂಡದಿದ್ದರೆ ಇನ್ನಷ್ಟು ಬಿಗಿದು ಕೂಡಿಸಬೇಕು, ಸಡಿಲಿಸಿ ಅಲ್ಲ.

ಸ್ಟೆಬಿಲೈಸರ್ ಬಾರ್ ತೆಗೆಯುವಾಗ ಎರಡೂ ಮುಂಗಾಲಿ ಒಂದೇ ಎತ್ತರಕ್ಕೆ ಎತ್ತಿರಬೇಕು. ಒಂದೇ ಕಡೆ ಎತ್ತಿದರೆ ಬಾರ್ ತಿರುಚಿಕೊಂಡು ನಿಂತಿರುತ್ತದೆ, ನಟ್ ತೆಗೆದ ಕೂಡಲೇ ಸಿಡಿಯುತ್ತದೆ. ಹೊಸ ಬುಷ್ ಹಾಕಿ, ನಟ್‌ಗಳನ್ನು ಕೈಬಿಗಿ ಮಾಡಿ, ಗಾಡಿಯನ್ನು ನೆಲಕ್ಕಿಳಿಸಿ, ಬಾನೆಟ್ ಒತ್ತಿ ಕುಣಿಸಿ, ಆಮೇಲೆ ಪೂರ್ತಿ ಬಿಗಿದೆವು. ಗಾಲಿ ಗಾಳಿಯಲ್ಲಿ ತೂಗುವಾಗಲೇ ಬಿಗಿದರೆ, ಇಳಿಸಿದ ಮೇಲೆ ರಬ್ಬರ್ ಸದಾ ತಿರುಚಿಕೊಂಡೇ ಇರುತ್ತದೆ. ಬೇಗ ಹರಿಯುವುದು ಹಾಗೇ.

ರ‍್ಯಾಕಿನ ಸ್ಕ್ರೂ ಸಡಿಲಿಸಿ, ಸ್ಟೀರಿಂಗ್ ಈ ತುದಿಯಿಂದ ಆ ತುದಿಯವರೆಗೆ ಎಲ್ಲೂ ಕಚ್ಚದಂತೆ ಹೊಂದಿಸಿ ಲಾಕ್ ಮಾಡಿದೆವು. ಸ್ಟೀರಿಂಗ್ ವೀಲನ್ನು ರ‍್ಯಾಕ್ ಮಧ್ಯದಲ್ಲಿರುವಾಗ ನೇರ ನಿಲ್ಲುವಂತೆ ಕೂರಿಸಿದೆವು. ಆಮೇಲೆ ಅಲೈನ್‌ಮೆಂಟ್. ವೀಲ್ ನೇರಕ್ಕೆ ಕಟ್ಟಿ ಹಾಕಿ, ಟೋವನ್ನು ಎರಡೂ ಕಡೆ ಸಮನಾಗಿ ತಿರುಗಿಸಿ ಎಂದು ನಿಂತು ಹೇಳಬೇಕಾಯಿತು. ಅಲ್ಲಿಯ ಹುಡುಗ ಒಂದೇ ಕಡೆ ಸ್ಪ್ಯಾನರ್ ಹಾಕಲು ಆಗಲೇ ಬಗ್ಗಿದ್ದ. ಎಡಬಲ ಕ್ಯಾಸ್ಟರ್ ಈಗ ಹೆಚ್ಚುಕಮ್ಮಿ ಒಂದೇ. ಯಾರೂ ಅದನ್ನು ಹೊಂದಿಸಿರಲಿಲ್ಲ, ಬುಷ್ ಹೊಸದಾದದ್ದಷ್ಟೇ.

ಸ್ಟೀರಿಂಗ್ ಅಂಚಿನ ಆಟ 20 ಮಿ.ಮೀ. ಒಳಗೆ ಬಂತು. ಬ್ರೇಕಿನಲ್ಲಿ ಎಳೆತ ಇಲ್ಲ. ತಿರುವು ಮುಗಿದ ಕೂಡಲೇ ಸ್ಟೀರಿಂಗ್ ಕೈಯೊಳಗೆ ಜಾರಿ ನೇರಕ್ಕೆ ಬರುತ್ತದೆ. ಗರಗಸವಾಗಿದ್ದ ಎರಡು ಟೈರನ್ನು ಸದ್ಯಕ್ಕೆ ಹಿಂದಕ್ಕೆ ಹಾಕಿದ್ದೇವೆ, ಗುಂಯ್‌ಗುಡುವುದು ಅವು ಇರುವವರೆಗೆ ಹೋಗುವುದಿಲ್ಲ. ಆರ್‌ಸಿ ನವೀಕರಣವಾಯಿತು.

ರ‍್ಯಾಕ್ ಬುಷ್ ಹಳೆಯದೇ ಇದೆ. ಜಲ್ಲಿ ಎದ್ದ ರಸ್ತೆಯಲ್ಲಿ ಎಡಗಡೆಯಿಂದ ಸಣ್ಣಗೆ ಕಟಕಟ ಅನ್ನುತ್ತದೆ, ಕಿಟಕಿ ಏರಿಸಿದರೆ ಕೇಳಿಸುವುದಿಲ್ಲ. ಮಳೆಗಾಲ ಕಳೆದು ಬೂಟ್ ತೆಗೆದು ಮತ್ತೆ ಅಳೆಯುವುದೆಂದು ಮೆಕ್ಯಾನಿಕ್ ಜೊತೆ ಮಾತಾಗಿದೆ. ಸ್ಟೀರಿಂಗ್ ಅಂಚಿನ ಆಟ 30 ಮಿ.ಮೀ. ದಾಟಿದ್ದರೆ ರ‍್ಯಾಕ್ ಇಳಿಸುವುದು. ಅಲ್ಲಿಯವರೆಗೆ ಆ ಸ್ಕ್ರೂಗೆ ಯಾರೂ ಕೈ ಹಾಕಬಾರದೆಂದು ಲಾಕ್ ನಟ್ ಮೇಲೆ ಕೆಂಪು ಪೇಂಟ್ ಬಳಿದು ಕಳಿಸಿದ್ದೇನೆ.